ಮೂರನೇ ತೂತಿನ ಪಕ್ಕದ ದೃಷ್ಟಿಬೊಟ್ಟು

ತಟ್ಟೆಯನ್ನು ಮಗುಚಿ ಎರಡನೇ ಸಲ ಮೆಷಿನ್ನಿಗೆ ಕೂರಿಸುವಾಗಲೇ ಎಲ್ಲರೂ ಎಡವುತ್ತಿದ್ದರು. ಅಂಗೈ ಅಗಲದ ಅಲ್ಯೂಮಿನಿಯಂ ಬಿಲ್ಲೆ, ಅಂಚಿನಲ್ಲಿ ನಾಲ್ಕು ತೂತು. ಡ್ರೋನಿನ ತೋಳಿನ ತುದಿಯಲ್ಲಿ ಮೋಟಾರನ್ನು ಹಿಡಿದುಕೊಳ್ಳುವ ಭಾಗ ಅದು. ನಾಲ್ಕು ತೂತುಗಳೂ ಒಂದೇ ಅಂತರದಲ್ಲಿ ಇರುವಂತೆ ಕಾಣುತ್ತವೆ, ಆದರೆ ಇಲ್ಲ. ವೈರಿಗೆ ಜಾಗ ಬಿಡಲು ಮೂರನೆಯದು ಅಕ್ಕಿಕಾಳಿನ ದಪ್ಪದಷ್ಟು ಒಳಗೆ ಸರಿದಿರುತ್ತದೆ. ಅದನ್ನು ಗಮನಿಸದೆ ಕೂರಿಸಿದರೆ ಮೆಷಿನ್ ತನ್ನ ಪಾಡಿಗೆ ತಪ್ಪು ಕಡೆ ಕೊರೆದು, ಮುಗಿಸಿದೆನೆಂದು ಹಸಿರು ದೀಪ ಹಾಕಿ ನಿಲ್ಲುತ್ತದೆ. ಪೀಣ್ಯದ ನಮ್ಮ ಶೆಡ್ಡಿನಲ್ಲಿ ಹಾಗೆ ಕೆಟ್ಟ ತಟ್ಟೆಗಳು ಎಷ್ಟಿದ್ದವೆಂದರೆ, ಪ್ರತಿ ಮೆಷಿನ್ನಿನ ನೆತ್ತಿಯ ಮೇಲೂ ಒಂದೊಂದು ಊದುಬತ್ತಿ ಸ್ಟ್ಯಾಂಡ್ ಆಗಿ ಕೂತಿತ್ತು. ಶುಕ್ರವಾರದ ಪೂಜೆಗೆ ಗುಜರಿಯೇ ಒದಗುತ್ತಿತ್ತು.

ನಾನು ಅಲ್ಲಿ ಕ್ವಾಲಿಟಿ ಇನ್‌ಸ್ಪೆಕ್ಟರ್. ಹೆಸರು ಕೇಳಿ ಹೆದರಬೇಡಿ. ಮೇಜಿನ ಮುಂದೆ ಕೂತು ವರ್ನಿಯರ್ ಹಿಡಿದು ಅಳೆಯುವುದು. ಡ್ರಾಯಿಂಗಿನಂತೆ ಇದ್ದರೆ ಹಸಿರು ಚೀಟಿ, ಇಲ್ಲದಿದ್ದರೆ ಕೆಂಪು ಚೀಟಿ. ಉಳಿದ ಹೊತ್ತಿನಲ್ಲಿ ನನ್ನ ಅಸಲಿ ಉದ್ಯೋಗ, ಎಲ್ಲರ ದನಿ ತೆಗೆಯುವುದು. ಟೀ ಅಂಗಡಿಯ ಟೀವಿಯಲ್ಲಿ ಯಾವುದೋ ದೂರದ ಯುದ್ಧದ ಬಗ್ಗೆ ಕಿರುಚುವ ನಿರೂಪಕ, ಪವರ್ ಹೋದಾಗ ನರಳುವ ಕಂಪ್ರೆಸರ್, ಎಲ್ಲವೂ ನನ್ನ ಗಂಟಲಲ್ಲಿ ಇದ್ದವು. ಯುದ್ಧದ ಡ್ರೋನು ಎರಗುವ ಸದ್ದನ್ನು ಮೂಗು ಹಿಡಿದು ತೆಗೆದರೆ ಟೀ ಅಂಗಡಿಯವನು ಬನ್ ಪುಕ್ಕಟೆ ಕೊಡುತ್ತಿದ್ದ. ಆದರೆ ನನ್ನ ಮೇರುಕೃತಿ ನಮ್ಮ ಯಜಮಾನರು. ಮೊದಲು ಒಂದು ಒಣಕೆಮ್ಮು, ಆಮೇಲೆ "ಏನಪ್ಪಾ ಅಂದ್ರೆ", ಆಮೇಲೆ ಮಾತು. ಈ ಶೆಡ್ಡು ನಿಂತ ಜಾಗದಲ್ಲೇ ಅವರ ಅಪ್ಪ ರಾಗಿ ಬೆಳೆದವರು. ಊರು ಹೋಗಿ ಕೈಗಾರಿಕಾ ಪ್ರದೇಶವಾದರೂ ಯಜಮಾನರ ಬಾಯಲ್ಲಿ 'ಹ' ಅನ್ನುವ ಅಕ್ಷರ ಇನ್ನೂ ಹುಟ್ಟಿರಲಿಲ್ಲ. ನನ್ನದೇ ದನಿ ಹೇಗಿದೆ ಅಂದರೆ, ಲೆಕ್ಕಪತ್ರ ನೋಡುವ ಅಕ್ಕ ಒಮ್ಮೆ ಹೇಳಿದ್ದರು: "ನೆಗಡಿಯಾದ ಕೋಳಿ ಥರ ಕಣೋ. ನೀನು ಬೇರೆಯವರ ಥರಾನೇ ಮಾತಾಡು, ಪುಣ್ಯ ಬರುತ್ತೆ."

ತಟ್ಟೆಯ ಆರ್ಡರು ಬಂದದ್ದು ವೈಟ್‌ಫೀಲ್ಡಿನ ಗಾಜಿನ ಕಟ್ಟಡದ ಒಂದು ಕಂಪನಿಯಿಂದ. ಯಜಮಾನರು ಎಲ್ಲರನ್ನೂ ನಿಲ್ಲಿಸಿ ಹೇಳಿದ್ದರು: "ಏನಪ್ಪಾ ಅಂದ್ರೆ, ಇದು ರೈತರ ಕೆಲ್ಸ. ಅತ್ತಿ ಒಲಕ್ಕೆ ಔಷ್ದಿ ಒಡ್ಯೋ ಡ್ರೋನು. ಪುಣ್ಯದ್ ಕೆಲ್ಸ, ಸರ್ಯಾಗಿ ಮಾಡಿ." ಅದಕ್ಕಾಗಿಯೇ ಎರಡನೇ ಶಿಫ್ಟು ಶುರುವಾಯಿತು. ಅದನ್ನು ನಡೆಸಲು ಬಂದವರು ಯಾದಗಿರಿ ಕಡೆಯ ಒಬ್ಬ ಆಪರೇಟರ್. ನಾನು ಅವರನ್ನು ಅಣ್ಣ ಅನ್ನುತ್ತಿದ್ದೆ, ಅವರು ನನ್ನನ್ನು ತಮ್ಮಾ ಅನ್ನುತ್ತಿದ್ದರು. ಹತ್ತಿ ಹೊಲ ಅಂದಾಗ ಅವರ ಮುಖ ಅರಳಿತ್ತು. ಅವರ ಅವ್ವ ಹತ್ತಿ ಬಿಡಿಸುವ ಕೂಲಿ. ಔಷಧಿಯ ಡಬ್ಬ ಬೆನ್ನಿಗೆ ಹೊತ್ತು ಸಿಂಪಡಿಸಿ ಅವರ ಚಿಕ್ಕಪ್ಪನ ಕಣ್ಣು ಮಂಜಾಗಿತ್ತು. "ಇನ್ ಮ್ಯಾಲ ಡಬ್ಬಿ ಹೊರೂದು ತಪ್ತದ" ಅನ್ನುತ್ತಿದ್ದರು, ಬಿಲ್ಲೆಯನ್ನು ಅಂಗಿಗೆ ಒರೆಸುತ್ತಾ.

ತಪ್ಪಾಗಿ ಕೂರಿಸುವ ಕಾಯಿಲೆಗೆ ಮದ್ದು ಕಂಡುಹಿಡಿದವರೂ ಅವರೇ. ಮೊದಲ ಸಲ ಕೊರೆಯುವಾಗಲೇ ಮೂರನೇ ತೂತಿನ ಪಕ್ಕದಲ್ಲಿ ಸಾಸಿವೆಯಷ್ಟು ಗುಳಿ ಹಾಕಿಬಿಟ್ಟರು. ಅದಕ್ಕೆ ಬಳಸಿದ್ದು ತುದಿ ಮುರಿದ ಒಂದು ಹಳೆ ಡ್ರಿಲ್, ಹಾಗಾಗಿ ಗುಳಿಯ ತಳ ಚಪ್ಪಟೆ.

"ಇದೇನಣ್ಣ, ಡ್ರಾಯಿಂಗಲ್ಲಿ ಇಲ್ವಲ್ಲ?" ಅಂದೆ.

"ಕೂಸಿನ ಗಲ್ಲಕ್ಕ ದೃಷ್ಟಿಬೊಟ್ಟು ಇಡ್ತೀವಲ್ಲ ತಮ್ಮಾ, ಹಂಗ ಇಟ್ಟೀನಿ. ಬೊಟ್ಟು ನಿನ್ ಕಡಿ ನೋಡ್ತಿತ್ತಂದ್ರ ಬಿಲ್ಲಿ ಸರಿ ಕುಂತದ ಅಂತ ಅರ್ಥ."

ಆಮೇಲೆ ಒಂದೂ ತಪ್ಪು ಕೂರಲಿಲ್ಲ. ಬೊಟ್ಟಿನಿಂದ ಬಿಲ್ಲೆಯ ಬಲಕ್ಕೆ ಏನೂ ತೊಂದರೆಯಿಲ್ಲ. ನಾನು ಕಣ್ಣು ಮುಚ್ಚಿ ಹಸಿರು ಚೀಟಿ ಅಂಟಿಸುತ್ತಾ ಹೋದೆ. ಅಣ್ಣ ಊರಿನಿಂದ ಹೆಂಡತಿಯನ್ನೂ ಮಗಳನ್ನೂ ಕರೆಸಿಕೊಂಡು ಒಂದು ಕೋಣೆಯ ಬಾಡಿಗೆ ಮನೆ ಹಿಡಿದರು, ಮಗಳನ್ನು ಹತ್ತಿರದ ಸರ್ಕಾರಿ ಶಾಲೆಗೆ ಸೇರಿಸಿದರು. "ಬಿಲ್ಲಿ ಇರೂತನಕ ಎರಡ್ನೇ ಶಿಫ್ಟು, ಎರಡ್ನೇ ಶಿಫ್ಟು ಇರೂತನಕ ನಾನು" ಎಂದು ನಗುತ್ತಾ ಹೇಳುತ್ತಿದ್ದರು. ನಾನದನ್ನು ಅವರ ದನಿಯಲ್ಲೇ ತಿರುಗಿಸಿ ಹೇಳಿ ನಗಿಸುತ್ತಿದ್ದೆ.

ಆ ಫೋಟೋ ನಾನು ನೋಡಿದ್ದು ಮಧ್ಯಾಹ್ನ ಚಿತ್ರಾನ್ನದ ಡಬ್ಬಿ ತೆರೆದಾಗ, ಫೋನಿನಲ್ಲಿ. ಟೀವಿಯವರು ಕಿರುಚುತ್ತಿದ್ದ ಅದೇ ಯುದ್ಧ. ಅಲ್ಲಿ ಬಿದ್ದ ಡ್ರೋನುಗಳ ಚೂರುಗಳನ್ನು ಆಯ್ದು, ಮೇಜಿನ ಮೇಲೆ ಹರಡಿ, ಪಕ್ಕದಲ್ಲಿ ಅಳತೆಪಟ್ಟಿ ಇಟ್ಟು, ಯಾರೋ ಫೋಟೋ ತೆಗೆದು ಹಾಕುತ್ತಿದ್ದರು. ಚೌಕಳಿ ಪ್ಲಾಸ್ಟಿಕ್ ಹೊದಿಕೆಯ ಅಡುಗೆಮನೆ ಮೇಜು. ಈ ಡ್ರೋನು ಬ್ರೆಡ್ಡಿಗೆ ನಿಂತ ಜನರ ಸಾಲಿನ ಮೇಲೆ ಬಿತ್ತು ಎಂದು ಕೆಳಗೆ ಬರೆದಿತ್ತು. ಸುಟ್ಟ ವೈರು, ಒಡೆದ ರೆಕ್ಕೆ, ಅರ್ಧ ಮುರಿದ ಒಂದು ಬಿಲ್ಲೆ. ಉಳಿದ ಅರ್ಧದಲ್ಲಿ ಎರಡು ತೂತು. ಒಂದರ ಪಕ್ಕ, ಮಸಿ ತುಂಬಿಕೊಂಡ ಒಂದು ಬೊಟ್ಟು.

ಡ್ರೋನು ಮಾಡುವವರೆಲ್ಲ ಇಂಥ ಬಿಲ್ಲೆ ಮಾಡುತ್ತಾರೆ, ಅಂದುಕೊಂಡೆ. ಚಿತ್ರಾನ್ನ ತಿಂದೆ. ಕೈ ತೊಳೆದು ಬಂದು ಮತ್ತೆ ಫೋನು ತೆಗೆದೆ. ತೂತಿನ ಅಳತೆ ನನಗೆ ಬಾಯಿಪಾಠ, ಆರು ಮಿಲಿಮೀಟರ್. ಪರದೆಯ ಮೇಲೆ ತೂತು ಎಷ್ಟು ದೊಡ್ಡದಾಗಿ ಕಾಣುತ್ತದೆ, ಅದರ ಅಂಚಿನಿಂದ ಬೊಟ್ಟು ಎಷ್ಟು ದೂರ ಕಾಣುತ್ತದೆ ಎಂದು ಅಳೆದು, ಎರಡನೆಯದನ್ನು ಮೊದಲನೆಯದರಿಂದ ಭಾಗಿಸಿ ಆರರಿಂದ ಗುಣಿಸಿದರೆ ನಿಜವಾದ ದೂರ ಸಿಗುತ್ತದೆ. ವರ್ನಿಯರನ್ನು ಫೋನಿನ ಗಾಜಿಗೆ ಹಿಡಿದೆ.

ಲೆಕ್ಕದ ಅಕ್ಕ ಹಾದುಹೋಗುತ್ತಾ ನಿಂತರು. "ಏನೋ ಇದು, ಫೋನಿಗೂ ಇನ್‌ಸ್ಪೆಕ್ಷನ್ನಾ? ಯಾವ ಹುಡುಗಿ ಮೂಗು ಅಳೀತಿದ್ದೀಯಾ?"

ಬೇರೆ ದಿನವಾದರೆ ಅವರ ದನಿಯಲ್ಲೇ ಉತ್ತರ ಕೊಡುತ್ತಿದ್ದೆ. ಅವತ್ತು ಹಲ್ಲು ಕಿರಿದೆ. ಫೋಟೋವನ್ನು ಹಿಗ್ಗಿಸಿ ಮತ್ತೆ ಅಳೆದೆ, ಕುಗ್ಗಿಸಿ ಅಳೆದೆ. ಪ್ರತಿ ಸಲವೂ ನಮ್ಮ ಬೊಟ್ಟಿನ ದೂರವೇ ಬಂತು. ಮಸಿಯ ನಡುವೆ ಬೊಟ್ಟಿನ ತಳ ಕಾಣುತ್ತಿತ್ತು. ಚಪ್ಪಟೆ. ಮುರಿದ ಡ್ರಿಲ್ಲಿನಿಂದ ಬೊಟ್ಟು ಇಡುವ ಶೆಡ್ಡು ಭೂಮಿಯ ಮೇಲೆ ಇನ್ನೊಂದು ಇದ್ದರೆ ಇರಲಿ ದೇವರೇ ಎಂದು ಬೇಡಿಕೊಂಡೆ. ಮೇಜಿನ ಮೇಲೆ ಆ ವಾರದ ಲಾಟು ಹಸಿರು ಚೀಟಿಗಾಗಿ ಕಾಯುತ್ತಿತ್ತು. ಕ್ರೇಟಿನ ತುಂಬ ಬೊಟ್ಟಿಟ್ಟುಕೊಂಡ ಬಿಲ್ಲೆಗಳು, ನಾಮಕರಣಕ್ಕೆ ಸಾಲಾಗಿ ಮಲಗಿಸಿದ ಕೂಸುಗಳ ಹಾಗೆ.

ಯಜಮಾನರನ್ನೇ ನೇರ ಕೇಳಬಹುದಿತ್ತು. ಆದರೆ ಪಾಪ, ಅವರಿಗೆ ಇದೆಲ್ಲ ಎಲ್ಲಿ ಗೊತ್ತಿರುತ್ತದೆ, ಅವರಿಗೂ ಹತ್ತಿ ಹೊಲದ ಕತೆ ಹೇಳಿ ಮೋಸ ಮಾಡಿದ್ದಾರೆ ಅನ್ನುವುದು ನನ್ನ ನಂಬಿಕೆ. ಮೊದಲು ಸತ್ಯ ತಿಳಿದು ಆಮೇಲೆ ಅವರಿಗೆ ಹೇಳೋಣ ಅಂದುಕೊಂಡೆ. ಮಾರನೆಯ ದಿನ ಅವರು ನೆಂಟರ ಮದುವೆಗೆ ಹೋದರು. ನಾನು ಅವರ ಕೋಣೆಗೆ ನುಗ್ಗಿ, ಅವರ ಮೇಜಿನ ಫೋನಿನಿಂದ ವೈಟ್‌ಫೀಲ್ಡಿನ ಖರೀದಿ ವಿಭಾಗದ ಮೇಡಂಗೆ ಕರೆ ಮಾಡಿದೆ. ಒಣಕೆಮ್ಮು ಕೆಮ್ಮಿದೆ.

"ಏನಪ್ಪಾ ಅಂದ್ರೆ ಮೇಡಂ, ನಮ್ ತಟ್ಟೆ ಔಷ್ದಿ ಒಡ್ಯೋಕೇ ತಾನೇ ಓಗೋದು?"

ಆ ಕಡೆ ಬೇಸರದ ನಗು. "ಸರ್, ಮತ್ತೆ ಅದೇ ಪ್ರಶ್ನೆನಾ? ಹೋದ್ಸಲ ಇಲ್ಲಿಗೆ ಬಂದಾಗ್ಲೇ ಎಲ್ಲಾ ಕೂತು ಮಾತಾಡಿದ್ವಲ್ಲ. ನಾವು ಇಲ್ಲಿಂದ ಒಬ್ಬ ಟ್ರೇಡರ್‌ಗೆ ಕೊಡ್ತೀವಿ, ಅವರು ಬೇರೆ ದೇಶಕ್ಕೆ ಕಳಿಸ್ತಾರೆ. ಅಲ್ಲಿಂದ ಮುಂದೆ ಯಾರ ಕೈಗೆ ಹೋಗುತ್ತೆ ಅಂತ ನಾನು ಹೇಳೋಕೆ ಹೊರಟಾಗ ನೀವೇ ತಡೆದ್ರಿ. ನನ್ನ ಕಿವಿಗೆ ಹಾಕ್ಬೇಡಿ ಮೇಡಂ, ರೇಟ್ ಮಾತ್ರ ನೋಡಿ ಹಾಕಿ ಅಂದ್ರಿ."

ನನ್ನ ಗಂಟಲಲ್ಲಿ ಯಜಮಾನರು ಸಿಕ್ಕಿಕೊಂಡರು.

"ಸರ್? ಕೇಳಿಸ್ತಿದ್ಯಾ?"

"ಊಂ," ಅಂದೆ. "ಅಂಗಂದಿದ್ದೆ, ಅಲ್ವಾ."

"ಹೂಂ ಸರ್. ಆರಾಮಾಗಿರಿ. ಪೇಪರಲ್ಲಿ ಸ್ಪ್ರೇಯರ್ ಪಾರ್ಟ್ ಅಂತಾನೇ ಇದೆ. ಈ ವಾರದ ಲಾಟ್ ಲೇಟ್ ಮಾಡ್ಬೇಡಿ, ಪ್ಲೀಸ್."

ಮೇಡಂ ದನಿ ತೀರಾ ಸಾಮಾನ್ಯವಾಗಿತ್ತು. ಬ್ರೂಕ್‌ಫೀಲ್ಡಿನ ಮನೆಗೆ ಹೋಗುವ ದಾರಿಯಲ್ಲಿ ತರಕಾರಿ ಕೊಳ್ಳಬೇಕು ಎಂದು ನೆನಪಿಟ್ಟುಕೊಂಡಿರುವಂಥ ದನಿ. ನಾನು ಇವತ್ತಿಗೂ ಎಷ್ಟು ಸಲ ಪ್ರಯತ್ನಿಸಿದ್ದೇನೆ, ಆ ದನಿ ಮಾತ್ರ ಬರುವುದಿಲ್ಲ. ಹಿಡಿಯಲು ಅದರಲ್ಲಿ ಒಂದು ಮುಳ್ಳೂ ಇಲ್ಲ.

ಇನ್ನು ನನ್ನ ಮುಂದೆ ಉಳಿದದ್ದು ಕ್ರೇಟು ಮತ್ತು ಎರಡು ಬಣ್ಣದ ಚೀಟಿ. ಇಂಥ ಯುದ್ಧಕ್ಕೆ ಹೋಗುತ್ತದೆ ಎಂದು ಬಿಲ್ಲೆಯನ್ನು ತಿರಸ್ಕರಿಸಲು ಕೆಂಪು ಚೀಟಿಯಲ್ಲಿ ಜಾಗವಿಲ್ಲ. ಅಳತೆ, ಮೇಲ್ಮೈ, ಗೀರು, ಡ್ರಾಯಿಂಗಿನಲ್ಲಿ ಇಲ್ಲದ್ದು, ಇಷ್ಟೇ ಕಾರಣ. ಕೊನೆಯದಕ್ಕೆ ಗುರುತು ಹಾಕಿದೆ. ಡ್ರಾಯಿಂಗಿನಲ್ಲಿ ಇಲ್ಲದ ಗುಳಿ, ಮೂರನೇ ತೂತಿನ ಪಕ್ಕ, ಎಂದು ಬರೆದು ಸಹಿ ಮಾಡಿ, ಲಾಟನ್ನು ತಡೆಹಿಡಿದೆ. ನಿಯಮದ ಪ್ರಕಾರ ಚೀಟಿಯ ಒಂದು ಪ್ರತಿ ಖರೀದಿದಾರರಿಗೂ ಹೋಗಬೇಕು. ಕಳಿಸಿದೆ. ಇಡೀ ಶೆಡ್ಡಿನಲ್ಲಿ ಅಂದು ನನ್ನಷ್ಟು ನಿಯಮಪಾಲಕ ಇನ್ನೊಬ್ಬನಿರಲಿಲ್ಲ. ಸರ್ಕಾರದ ರಫ್ತು ನೋಡಿಕೊಳ್ಳುವ ಕಚೇರಿಯೊಂದಕ್ಕೆ ಫೋಟೋ ಸಮೇತ ಮಿಂಚಂಚೆಯನ್ನೂ ಬರೆದೆ. ನಿಮ್ಮ ದೂರು ಸ್ವೀಕೃತವಾಗಿದೆ, ದಯವಿಟ್ಟು ಈ ವಿಳಾಸಕ್ಕೆ ಉತ್ತರಿಸಬೇಡಿ, ಎಂದು ಆ ಕ್ಷಣವೇ ಮರುತ್ತರ ಬಂತು. ಆಮೇಲೆ ಏನೂ ಬರಲಿಲ್ಲ.

ಯಜಮಾನರು ಮದುವೆಯ ತಾಂಬೂಲ ಕೈಯಲ್ಲಿ ಹಿಡಿದೇ ನನ್ನ ಮೇಜಿಗೆ ಬಂದರು.

"ಏನಪ್ಪಾ ಅಂದ್ರೆ, ಇಷ್ಟ್ ದಿನ ಕಾಣ್ದೇ ಇದ್ ಬೊಟ್ಟು ಇವತ್ ಕಾಣ್ತಾ ನಿಂಗೆ?"

ಫೋನು ಮುಂದಿಟ್ಟೆ. ಅವರು ಕನ್ನಡಕ ಹಾಕಿ, ಬೆರಳಿನಿಂದ ಹಿಗ್ಗಿಸಿ ನೋಡಿದರು. ಚೌಕಳಿ ಮೇಜಿನ ಮೇಲೆ ಅವರ ಬೆರಳು ಬಹಳ ಹೊತ್ತು ನಿಂತಿತ್ತು.

"ನಮ್ದೇ ಅಂತ ಏನ್ ಗ್ಯಾರಂಟಿ?"

"ನಮ್ದೇ ಸಾರ್. ಮೇಡಂ ಹೇಳಿದ್ರು. ನಿಮಗೆ."

ಅವರು ಕನ್ನಡಕ ತೆಗೆದು ನನ್ನನ್ನು ನೋಡಿದರು. "ನನ್ ದನೀಲಿ ಮಾತಾಡಿದ್ಯಾ? ನನ್ ಕುರ್ಚೀಲಿ ಕೂತ್ಕೊಂಡು?"

"ನಿಂತ್ಕೊಂಡೇ ಮಾತಾಡ್ದೆ ಸಾರ್."

ಹೊಡೆಯುತ್ತಾರೆ ಅಂದುಕೊಂಡೆ. ಅವರು ಎದುರಿನ ಸ್ಟೂಲಿನ ಮೇಲೆ ಕುಸಿದು ಕೂತರು. "ನಾವು ತಟ್ಟೆ ಮಾಡೋರು ಕಣಪ್ಪ. ಆ ತಟ್ಟೇಲಿ ಯಾರ್ ಉಣ್ತಾರೆ, ಏನ್ ಉಣ್ತಾರೆ, ಅದು ನಮ್ ಲೆಕ್ಕಕ್ ಬರಲ್ಲ. ಈ ಸೆಡ್ ಮುಚ್ಚಿದ್ರೆ ಆ ಫೋಟೋದೋರು ಬಂದು ನಮ್ಮನ್ನ ಕೇಳ್ತಾರಾ? ನಾನ್ ಮಾಡ್ದೇ ಓದ್ರೆ ಓಸೂರ್ ರೋಡ್‌ನೋನು ಮಾಡ್ತಾನೆ."

ನನ್ನ ಬಳಿ ಇದ್ದದ್ದು ಕೆಂಪು ಚೀಟಿ ಒಂದೇ.

ಅದನ್ನೂ ವೈಟ್‌ಫೀಲ್ಡಿನವರು ಸುಲಭವಾಗಿ ಕಿತ್ತು ಹಾಕಿದರು. ಗುಳಿ ಇದ್ದರೂ ಪರವಾಗಿಲ್ಲ, ಈ ಲಾಟಿಗೆ ಒಪ್ಪಿಗೆ ಇದೆ ಎಂದು ಬರೆದು ಕಳಿಸಿದರು. ಕ್ರೇಟು ವ್ಯಾನು ಹತ್ತಿತು. ಆದರೆ ಚೀಟಿಯ ಬಗ್ಗೆ ಯಜಮಾನರಿಗೆ ಫೋನು ಮಾಡಿದಾಗ, ಅವತ್ತು ತಾವು ಮಾತಾಡಿದ್ದು ಅವರ ಜೊತೆ ಅಲ್ಲವೆಂದು ಮೇಡಂಗೆ ತಿಳಿದಿತ್ತು. ಪ್ರಶ್ನೆ ಕೇಳುವ ಶೆಡ್ಡು ಅವರಿಗೆ ಬೇಡವಾಯಿತು. ಮುಂದಿನ ಆರ್ಡರು ಬರಲಿಲ್ಲ, ಅದರ ಮುಂದಿನದೂ ಬರಲಿಲ್ಲ.

ಎರಡನೇ ಶಿಫ್ಟು ನಿಂತಿತು. ಯಜಮಾನರು ಅಣ್ಣನನ್ನು ಕರೆದು, ಎಲ್ಲರ ಮುಂದೆ, ಕಾರಣವನ್ನೂ ಹೇಳಿದರು. "ನಿನ್ ಬೊಟ್ಟಿಂದ ಲಾಟ್ ರಿಜೆಕ್ಟಾಯ್ತು ಕಣಪ್ಪ. ಪಾರ್ಟಿ ಓದ್ರು. ನಾನೇನ್ ಮಾಡ್ಲಿ?" ಚೀಟಿಯಲ್ಲಿ ಹಾಗೇ ಬರೆದಿತ್ತು, ನನ್ನ ಸಹಿಯ ಮೇಲೆ. ಅಣ್ಣ ನನ್ನ ಕಡೆ ತಿರುಗಿದರು. ನಾನು ಬಾಯಿ ತೆರೆಯುವ ಮೊದಲೇ ಅವರೇ ಹೇಳಿದರು: "ನೀ ಏನ್ ಮಾಡ್ತೀ ತಮ್ಮಾ. ಡ್ರಾಯಿಂಗ್‌ನಾಗ ಇರ್ಲಿಲ್ಲ, ಬರದಿ. ನಂದೇ ಶ್ಯಾಣ್ಯಾತನ ಹೆಚ್ಚಾತು."

ಅಲ್ಲಿಯೇ ಹೇಳಬೇಕಿತ್ತು. ಯಜಮಾನರ ಕಣ್ಣು ನನ್ನ ಮೇಲಿತ್ತು. ಹತ್ತಿ ಹೊಲ ಸುಳ್ಳು, ಬ್ರೆಡ್ಡಿನ ಸಾಲು ನಿಜ, ಅನ್ನುವ ಮಾತನ್ನು ಕೆಲಸ ಕಳೆದುಕೊಂಡು ನಿಂತವನ ಕೈಗೆ ಹೇಗೆ ಕೊಡುವುದೆಂದು ತಿಳಿಯದೆ, ಅವರ ಬ್ಯಾಗು ಗೇಟಿನವರೆಗೆ ಹೊತ್ತುಕೊಟ್ಟೆ.

ನನ್ನನ್ನು ಯಜಮಾನರು ತೆಗೆಯಲಿಲ್ಲ. ತೆಗೆಯುತ್ತಾರೆಂದು ಕಾದೆ, ಕೊನೆಗೆ ನಾನೇ ಕೇಳಿದೆ. "ನಿನ್ನ ಒರಗ್ ಕಳಿಸಿದ್ರೆ ಯಾರ್ ದನೀಲಿ ಏನೇನ್ ಏಳ್ತಿಯೋ," ಅಂದರು. "ಇಲ್ಲೇ ಬಿದ್ದಿರು." ಲೆಕ್ಕದ ಅಕ್ಕ ಅಭಿನಂದಿಸಿದರು: "ಬಾಯಿ ಇದ್ದವನು ಬದುಕಿದ ನೋಡು." ನಮ್ಮ ಶೆಡ್ಡು ಈಗ ಗೇಟಿನ ಕೀಲು ಮಾಡುತ್ತದೆ. ಟೀ ಅಂಗಡಿಯವನು ಡ್ರೋನಿನ ಸದ್ದು ತೆಗಿ ಮಗಾ ಅಂದರೆ ಗಂಟಲು ಕೆಟ್ಟಿದೆ ಅನ್ನುತ್ತೇನೆ. ಬನ್ನು ಕಾಸು ಕೊಟ್ಟೇ ತಿನ್ನುತ್ತೇನೆ.

ಕೆಲವು ತಿಂಗಳ ಮೇಲೆ ಅಣ್ಣನ ಫೋನು ಬಂತು. ಹೊಸೂರು ರಸ್ತೆಯ ಕಡೆ ದೊಡ್ಡ ಯುನಿಟ್ಟಿನಲ್ಲಿ ಕೆಲಸ ಸಿಕ್ಕಿದೆ, ಚಂದಾಪುರದಲ್ಲಿ ಕೋಣೆ ಮಾಡಿದ್ದೇನೆ, ಬಾಡಿಗೆ ಕಡಿಮೆ, ಮಗಳ ಶಾಲೆ ಬದಲಾಯಿಸಬೇಕಾಯಿತು, ನೀನು ಭಾನುವಾರ ರೊಟ್ಟಿ ಊಟಕ್ಕೆ ಬರಲೇಬೇಕು. ಎಲ್ಲ ಹೇಳಿಬಿಡುವುದೆಂದು ನಿಶ್ಚಯ ಮಾಡಿಕೊಂಡು ಹೋದೆ. ಫೋಟೋ ಫೋನಿನಲ್ಲೇ ಇತ್ತು. ಬಸ್ಸಿನಲ್ಲಿ ಬೊಮ್ಮನಹಳ್ಳಿ ದಾಟುವವರೆಗೂ ಮಾತು ಜೋಡಿಸುತ್ತಿದ್ದೆ, ಮೊದಲು ಬೊಟ್ಟು, ಆಮೇಲೆ ಮೇಜು, ಕೊನೆಗೆ ಬ್ರೆಡ್ಡು.

ಕೋಣೆಯ ಒಳಗೆ ಕಾಲಿಟ್ಟಾಗ ಮೊದಲು ಕಂಡದ್ದು ದೇವರ ಪಟದ ಮುಂದಿನ ಊದುಬತ್ತಿ. ಅದು ನಿಂತಿದ್ದದ್ದು ಬಿಲ್ಲೆಯ ತೂತಿನಲ್ಲಿ. ಪಕ್ಕದ ಬೊಟ್ಟಿಗೆ ಕುಂಕುಮ ತುಂಬಿದ್ದರು.

"ಹಳೇದಲ್ಲ ತಮ್ಮಾ, ಹೊಸಾದು! ಅದೇ ಬಿಲ್ಲಿ ನಮ್ ಕಂಪನಿಗೆ ಬಂದದ. ಒಂದ್ ಗೀರು ಬಿದ್ದಿತ್ತು, ಕೇಳಿ ತಂದೆ." ಅಣ್ಣ ನನ್ನ ಭುಜ ಹಿಡಿದು ಅಲ್ಲಾಡಿಸಿದರು. "ನನ್ ಬೊಟ್ಟು ಪಾಸಾತು ನೋಡು! ಡ್ರಾಯಿಂಗ್‌ನಾಗ ಬಂದದ. ಆಳ ಬರದಾರ, ದೂರ ಬರದಾರ, ತಳ ಚಪ್ಪಟಿ ಇರ್ಬೇಕಂತ ಅದನ್ನೂ ಬರದಾರ. ಆ ಮುರುಕು ಡ್ರಿಲ್ಲಿನ ಚಪ್ಪಟಿ! ಅದಕ್ಕಂತನ ಇಲ್ಲಿ ಹೊಸಾ ಟೂಲ್ ತರಿಸ್ಯಾರ."

ನನ್ನ ಕೆಂಪು ಚೀಟಿಯೇ ಅಲ್ಲಿಗೆ ನಡೆದುಹೋಗಿತ್ತು. ಡ್ರಾಯಿಂಗಿನಲ್ಲಿ ಇಲ್ಲದ ಗುಳಿ ಎಂದು ನಾನು ತಕರಾರು ಎತ್ತಿದ್ದಕ್ಕೆ, ಮುಂದೆ ಯಾರೂ ತಕರಾರು ಎತ್ತದ ಹಾಗೆ ಅವರು ಗುಳಿಯನ್ನೇ ಡ್ರಾಯಿಂಗಿಗೆ ಸೇರಿಸಿದ್ದರು.

"ಇಲ್ಲೂ ತಪ್ಪಾಗಿ ಕೂರಿಸ್ತಾರಾ ಅಣ್ಣ?"

"ಇಲ್ಲಪ್ಪ, ಇಲ್ಲಿ ಮೆಷಿನ್ ಹೊಸಾದು. ತಾನ ನೋಡಿ ತಾನ ಸರಿ ಕೂರಸ್ತದ. ಬೊಟ್ಟು ಬೇಕಾಗಂಗಿಲ್ಲ. ಆದ್ರೂ ಇಡಬೇಕು, ಬರದಾರಲ್ಲ." ಹೆಂಡತಿ ರೊಟ್ಟಿ ಬಡಿಸುತ್ತಿದ್ದರು, ಅವರ ಕಡೆ ತಿರುಗಿ ಹೆಮ್ಮೆಯಿಂದ ಹೇಳಿದರು, "ನಮ್ ಕಡಿ ಹತ್ತಿ ಹೊಲದಾಗ ಹಾರೂ ಡ್ರೋನಿಗೆಲ್ಲ ನಾ ಇಟ್ಟ ಬೊಟ್ಟೇ." ಆಮೇಲೆ ನನಗೆ: "ಏ ತಮ್ಮಾ, ನಮ್ ಯಜಮಾನ್ರು ಇದನ್ನ ನೋಡಿದ್ರ ಏನಂತಿದ್ರು? ಅವರ ದನ್ಯಾಗ ಒಂದ್ ಮಾತ್ ಹೇಳು."

ಫೋನು ಜೇಬಿನಲ್ಲಿ ತೊಡೆಗೆ ಒತ್ತುತ್ತಿತ್ತು. ಕೆಮ್ಮಿದೆ. "ಏನಪ್ಪಾ ಅಂದ್ರೆ, ನಾವು ತಟ್ಟೆ ಮಾಡೋರು ಕಣಪ್ಪ. ಆ ತಟ್ಟೇಲಿ ಯಾರ್ ಉಣ್ತಾರೆ, ಅದು ನಮ್ ಲೆಕ್ಕಕ್ ಬರಲ್ಲ."

ಗಂಡ ಹೆಂಡತಿ ಇಬ್ಬರೂ ಬಿದ್ದು ಬಿದ್ದು ನಕ್ಕರು. "ಥೇಟ್ ಅವರೇ!" ಎಂದು ಅಣ್ಣ ಕಣ್ಣು ಒರೆಸಿಕೊಂಡರು. ಎದ್ದು ಹೋಗಿ, ಊದುಬತ್ತಿ ಕಿತ್ತು, ಬಿಲ್ಲೆಯ ಬೂದಿ ಊದಿ ನನ್ನ ಕೈಗಿಟ್ಟರು. "ನೀ ಇನ್‌ಸ್ಪೆಕ್ಟರ್ ಇದ್ದಿ. ಅವತ್ ಕೆಂಪ್ ಚೀಟಿ ಹಚ್ಚಿದಾಂವ ನೀನ, ಇವತ್ ನೀನ ಅಳದು ಹೇಳು. ಸರಿ ಅದ ಏನು?"

ವರ್ನಿಯರು ಯಾವಾಗಲೂ ನನ್ನ ಬ್ಯಾಗಿನಲ್ಲಿ ಇರುತ್ತದೆ. ಅದರ ಆಳದ ಕಡ್ಡಿಯನ್ನು ಬೊಟ್ಟಿಗೆ ಇಳಿಸಿದೆ. ತುದಿಗೆ ಕುಂಕುಮ ಹತ್ತಿತು. ಕಿಟಕಿಯ ಬೆಳಕಿಗೆ ಹಿಡಿದು ಓದಿದೆ, ಮತ್ತೊಮ್ಮೆ ಓದಿದೆ.

"ಯಾಕ ಸುಮ್ಮನಾದಿ? ಹೆಚ್ಚುಕಡಿಮಿ ಆಗ್ಯದೇನು?"

"ಇಲ್ಲ ಅಣ್ಣ," ಅಂದೆ. "ಸರಿಯಾಗಿದೆ."

ನೆಗಡಿಯಾದ ಕೋಳಿಯ ದನಿ. ನನ್ನದೇ.